ಸಿನಿಮಾ ಕಥೆಗಾರ ಎಲಾದಿಯೊ ಬುರ್ಗೆಟ್ ಬಿದ್ದ ಬಗೆ

ನನ್ನ ಹೆಸರು ಫೆರ್ಮಿನಾ ಕಸ್ಕಾಲೆಸ್, ವಯಸ್ಸು 29, ಕಸುಬು ಕೈಗವಸು ಹೊಲಿಯುವುದು, ವಾಸ ಬಾರ್ಸಿಲೋನಾದ ಪೋಬ್ಲೆ ಸೆಕ್‌ನಲ್ಲಿ ಬಾಡಿಗೆ ಮನೆ, ಐದನೇ ಮಹಡಿ. ನಿನ್ನೆ ತೀರಿಕೊಂಡ ಎಲಾದಿಯೊ ಬುರ್ಗೆಟ್, ವಯಸ್ಸು 32, ನನ್ನ ಗಂಡ. ಅವರ ಸಾವಿನ ಬಗ್ಗೆ ಠಾಣೆಗೆ ಹಾಜರಾಗಿ ತಿಳಿಸುವುದೇನೆಂದರೆ:

ಮದುವೆಯಾದಾಗ ಅವರು ಪತ್ರಿಕೆಗೆ ಕೋರ್ಟಿನ ಸುದ್ದಿ ಬರೆಯುತ್ತಿದ್ದರು. ಆಮೇಲೆ ಐದು ವರ್ಷದಲ್ಲಿ ನಾಲ್ಕು ಅಪರಾಧದ ಸಿನಿಮಾಗಳಿಗೆ ಕಥೆ ಬರೆದರು. ಅವರ ಕಳ್ಳರು ನಮ್ಮ ಬೀದಿಯವರಂತೆಯೇ ಮಾತಾಡುತ್ತಿದ್ದರು. ಬರೆದದ್ದನ್ನು ಅಡುಗೆಮನೆಯಲ್ಲಿ ಇಬ್ಬರೂ ಜೋರಾಗಿ ಓದುವುದು ರೂಢಿ. ಗಂಡಸರ ಮಾತು ಅವರದು, ಹೆಂಗಸರ ಮಾತು ನನ್ನದು.

ಐದನೆಯ ಕಥೆಯಲ್ಲಿ ಕಳ್ಳನೊಬ್ಬ ಮಾಳಿಗೆಯಿಂದ ಮಾಳಿಗೆಗೆ ಹಾರಿ ಮಗಳ ಬಳಿ ಸೇರುತ್ತಾನೆ. ಸಿನಿಮಾ ಪರಿಶೀಲಿಸುವ ಕಚೇರಿಯವರು ಗುರುವಾರ ಅದನ್ನು ವಾಪಸ್ ಕಳಿಸಿ, ಕಳ್ಳ ಸಾಯಲೇಬೇಕು ಎಂದರು. ಎರಡು ದಿನ ನನ್ನ ಗಂಡ ಸರಿಯಾಗಿ ಊಟ ಮಾಡಲಿಲ್ಲ. ಶನಿವಾರ ಸಂಜೆ ಮತ್ತೆ ಬರೆಯಲು ಕೂತರು.

ಆ ಸಂಜೆ ಅವರು "ಬದುಕಿ ಸಾಕಾಯ್ತು, ಬಿಟ್ಬಿಡೇ ನನ್ನ!" ಎಂದು ಕೂಗಿದ್ದನ್ನು ಕೇಳಿದ್ದಾಗಿ ಕೆಳಗಿನ ಮನೆಯ ದೋನ್ಯಾ ಒಬ್ದುಲಿಯಾ ನಿಮಗೆ ಹೇಳಿದ್ದಾರೆ. ಅವರು ಕೇಳಿದ್ದು ನಿಜ. ಆದರೆ ಅದು ಕಳ್ಳನ ಮಾತು. "ಮಗು ಕಾಯ್ತಾ ಕೂತಿದೆ, ನಡಿಯೋ" ಎಂದು ಮುಂದಿನ ಮಾತು ಓದಿದವಳು ನಾನು. ನನ್ನ ದನಿ ಸಣ್ಣದು, ಕೆಳಗೆ ಕೇಳಿಸಿರಲಿಕ್ಕಿಲ್ಲ.

ಭಾನುವಾರ ಬೆಳಿಗ್ಗೆ ಸುಮಾರು ಹತ್ತೂವರೆಗೆ ನಾನು ಮಾಳಿಗೆಯಲ್ಲಿ ಬಟ್ಟೆ ಒಣಹಾಕುತ್ತಿದ್ದೆ. ಅವರು ಬಂದು ಮೋಟುಗೋಡೆ ಹತ್ತಿ ಪಕ್ಕದ ಕಟ್ಟಡದ ಕಡೆ ಬಗ್ಗಿ ನೋಡಿದರು.

"ಇಳಿಯೋ ಎಲಾದಿಯೊ, ಚರ್ಚಿಗೆ ಹೋಗೋ ಶೂಸು ಅದು" ಎಂದೆ.

"ಇರೇ. ಕಳ್ಳ ಬಿದ್ದ ಅಂತ ತೋರಿಸ್ತೀನಿ. ಆ ಕಚೇರಿಯೋರ ಪಾಲಿಗೆ ಸತ್ತ, ಜನದ ಪಾಲಿಗೆ ಬದುಕಿದ. ಆ ಬಾಲ್ಕನಿ ಎಷ್ಟು ಹತ್ರ ಇದೆ ನೋಡು!" ಎಂದು ನಕ್ಕರು.

ಕಾಲಡಿಯ ಇಟ್ಟಿಗೆ ಕಿತ್ತುಬಂತು. ಅವರು ಬಟ್ಟೆಯ ಹಗ್ಗ ಹಿಡಿದರು. ಹಗ್ಗ ಹರಿದು, ಒಣಹಾಕಿದ್ದ ಹೊದಿಕೆಯ ಸಮೇತ ಕೆಳಗೆ ಹೋದರು. ಹೊದಿಕೆಯ ಇನ್ನೊಂದು ತುದಿ ನನ್ನ ಕೈಯಲ್ಲಿತ್ತು. ಜಾರಿತು.

ಆತ್ಮಹತ್ಯೆಯಾದರೆ ಅವರ ತಾಯಿಯ ಸಮಾಧಿಯ ಪಕ್ಕ ಜಾಗ ಕೊಡಲಾಗದು ಎಂದು ಪಾದ್ರಿಗಳು ಹೇಳಿದ್ದಾರೆ. ದಯವಿಟ್ಟು ನನ್ನ ಗಂಡನ ಬಲ ಅಂಗೈ ಬಿಡಿಸಿ ನೋಡಬೇಕು. ಸಾವಿನ ಮಾತು ಆಡುತ್ತಿದ್ದರೇ ಎಂದು ಕೇಳಿದ್ದೀರಿ. ದಿನವೂ ಆಡುತ್ತಿದ್ದರು, ಸೂಪು ಕುಡಿಯುತ್ತಾ. ಅದು ಅವರ ಕೆಲಸವಾಗಿತ್ತು.

ಬರೆದುಕೊಂಡದ್ದನ್ನು ಓದಿ ಹೇಳಿದರು. ನಾನು ಹೇಳಿದಂತೆಯೇ ಇದೆ, ಸತ್ಯವಾಗಿದೆ. ಮೃತರ ಕಸುಬು 'ಇಲ್ಲ' ಎಂದಿದ್ದುದನ್ನು 'ಸಿನಿಮಾ ಕಥೆಗಾರ' ಎಂದು ತಿದ್ದಿಸಿ ರುಜು ಹಾಕಿದ್ದೇನೆ.

ಸ್ಥಳ: ಬಾರ್ಸಿಲೋನಾ
ದಿನಾಂಕ: 15-10-1956
ಸಹಿ: ಫೆರ್ಮಿನಾ ಕಸ್ಕಾಲೆಸ್

ಠಾಣೆಯ ಷರಾ: ಮೃತರ ಬಲ ಅಂಗೈಯಲ್ಲಿ ಹಗ್ಗ ಎಳೆದ ಗಾಯವಿದೆ ಎಂದು ವೈದ್ಯರು ತಿಳಿಸಿದ್ದಾರೆ. ಆಕಸ್ಮಿಕ ಸಾವು. ತಾಯಿಯ ಪಕ್ಕದಲ್ಲಿ ಮಣ್ಣು ಮಾಡಲು ಅಡ್ಡಿಯಿಲ್ಲ.