ಒಗೆದಾಯ್ತು

...ನಗಬೇಡ್ವೋ! ನಿನಗೆ ನಗು, ಇಲ್ಲಿ ನನ್ನ ಕೆಲಸಕ್ಕೇ ಕುತ್ತು. ದೇವರಾಣೆ ಕಣೋ, ನಮ್ಮ ಲಾಂಡ್ರಿಯಿಂದ ಹೋದ ಒಂದು ಲಾರಿ ಬೆಡ್‌ಶೀಟು, ಒಂದೂ ನೀರು ಕಂಡಿಲ್ಲ! ಇಸ್ತ್ರಿ ಮಾತ್ರ ಏನು ಇಸ್ತ್ರಿ ಅಂತೀಯ, ಮಡಿಕೆ ತಾಗಿದ್ರೆ ಬೆರಳು ಕುಯ್ದುಹೋಗಬೇಕು! ಹಾಗೇ ಪ್ಯಾಕ್ ಆಗಿ, ಚೀಟಿ ಅಂಟಿಸ್ಕೊಂಡು, ಜಂಬವಾಗಿ ಹೋಟೆಲಿಗೆ ಹೋದ್ವು. ಅಲ್ಲಿ ಹೊಸದಾಗಿ ಮದುವೆಯಾದ ಜೋಡಿ ಹೊದಿಕೆ ಸರಿಸಿ ನೋಡಿದ್ರೆ... ಹಿಂದಿನವರ ಕಾಫಿ ಕಲೆ, ಲಿಪ್‌ಸ್ಟಿಕ್ಕು, ಮತ್ತೆ... ಬೇಡ ಬಿಡು, ಮಗು ಮಲಗಿದೆ.

ಎಷ್ಟು ಹೊತ್ತು ಎತ್ಕೊಂಡೇ ನಿಂತಿರ್ತೀಯ? ಆ ಟವೆಲ್ ರಾಶಿ ಮೇಲೆ ಮಲಗಿಸು. ಅಯ್ಯೋ, ಅವು ಒಗೆದಿದ್ದೇ! ಮೂಸಿ ನೋಡ್ತಾನೆ ನೋಡು! ನಿನ್ನ ಅಕ್ಕನ ಮಾತಿಗೆ ಇಷ್ಟೇನಾ ಬೆಲೆ?

ಇಸ್ತ್ರಿ ಮಾಡೋರಿಗೆ ಗೊತ್ತಾಗಲಿಲ್ವಾ ಅಂತೀಯಾ? ನಾನೂ ಅದನ್ನೇ ಕೇಳಿದೆ. 'ಒದ್ದೆ ಬರಬೇಕಾದ ಬಟ್ಟೆ ಒಣಗೇ ಬಂತಲ್ಲ, ಅನುಮಾನ ಬರಲಿಲ್ವೇನ್ರೋ?' 'ಕಂಪ್ಯೂಟರ್ ಪರದೆ ಮೇಲೆ ಹಸಿರು ಬಂತು ಮೇಡಂ, ಒಗೆದಾಯ್ತು ಅಂತ ಇತ್ತು. ಮಷೀನು ಇತ್ತೀಚೆಗೆ ಚೆನ್ನಾಗಿ ಹಿಂಡ್ತಿದೆ ಅಂದ್ಕೊಂಡ್ವಿ.' ಇವರ ತಲೆಗಿಷ್ಟು!

ಬಾ ಇಲ್ಲಿ, ಕುರ್ಚಿ ಎಳ್ಕೋ. ನಾನು ನೋಡ್ಕೊಳ್ಳೋ ಕಂಪ್ಯೂಟರಲ್ಲೇ ತೋರಿಸ್ತೀನಿ ಕಳ್ಳನನ್ನ. ಈ ಫೈಲು. ಲೈಬ್ರರಿ ಫೈಲು ಅಂತಾರೆ. ಹ್ಞೂಂ, ಹೆಸರು ಅಷ್ಟೇ, ಓದೋಕೆ ಪುಸ್ತಕ ಇರಲ್ಲ. ಎಲ್ಲರೂ ಹಂಚ್ಕೊಂಡು ಬಳಸೋ ಫೈಲು. ಮುಂದಿನ ಕೌಂಟರಿನ ಪ್ರೋಗ್ರಾಮಿಗೂ ಇದೇ, ಒಗೆಯೋ ಮಷೀನಿನ ಪ್ರೋಗ್ರಾಮಿಗೂ ಇದೇ, ಬಿಲ್ಲಿಗೂ ಇದೇ. ಆ ಮೂರೂ ಮುಖ ಕೊಟ್ಟು ಮಾತಾಡಲ್ಲ. ಕೌಂಟರು ಇದನ್ನ ಕೇಳುತ್ತೆ, 'ಬಟ್ಟೆ ಒಗೆದಾಯ್ತಾ?' ಇದು ಮಷೀನಿನ ಹತ್ರ ಓಡುತ್ತೆ. ಅದು ಆಯ್ತು ಅಂದ್ರೆ, ವಾಪಸ್ ಓಡಿ ಬಂದು ಆಯ್ತು ಅನ್ನುತ್ತೆ. ದಿನವಿಡೀ ಇದೇ ಚಾಕರಿ. ಸರಿಯಾಗಿದ್ದಾಗ ಇದು ಇದೆ ಅಂತಲೂ ಯಾರಿಗೂ ಗೊತ್ತಿರಲ್ಲ. ಕೆಟ್ಟರೆ ಮಾತ್ರ ಬೈಯೋಕೆ ಎಲ್ಲರೂ ಸಾಲಾಗಿ ಬರ್ತಾರೆ...

ಯಾಕೋ ಹಾಗೆ ನೋಡ್ತೀಯ? ಹೌದಪ್ಪಾ, ನನ್ನ ತರಾನೇ! ನೀನು ಊಟಕ್ಕೆ ಕೂತು 'ಈ ಮನೇಲಿ ಉಸಿರು ಕಟ್ಟುತ್ತೆ' ಅಂದೆ. ಅಪ್ಪ 'ಹೊರಗೆ ಬೇಕಾದಷ್ಟು ಗಾಳಿ ಇದೆ' ಅಂದ್ರು, ನೀನು ಎದ್ದು ಹೊರಟೇ ಹೋದೆ. ಅವತ್ತಿಂದ ಇಬ್ಬರೂ ಮಹಾರಾಜರು, ನಾನೊಬ್ಬಳು ಸುದ್ದಿ ಹೊರೋ ಜವಾನ! 'ಅವನಿಗೆ ಹೇಳು.' 'ಅವರಿಗೆ ಹೇಳು.' ನಿನ್ನ ಮದುವೆಗೂ ಬರದೆ ಕೂತ್ರಲ್ಲ, ಆ ಮಹಾನುಭಾವರಿಗೆ ದಿನಾ ಅಡುಗೆ ಮಾಡಿ ಬಡಿಸಿ, ಬೈಸ್ಕೊಳ್ಳೋಳು ಯಾರು? ನಾನು. ನಗು, ನಗು. ಅಪ್ಪನ ತರಾನೇ ಅರ್ಧ ಬಾಯಲ್ಲಿ ನಗ್ತೀಯ. ಹೇಳಿದ್ರೆ ಇಬ್ಬರಿಗೂ ಸಿಟ್ಟು.

ಹಾಂ, ಎಲ್ಲಿದ್ದೆ... ಆ ದಿನ ಮಷೀನಿನ ವೈರು ಸಡಿಲ ಆಗಿತ್ತು. ಫೈಲು ಹೋಗಿ ಕೇಳ್ತು, ಮಷೀನು ಮೂಕ. ಅಂಥ ಹೊತ್ತಲ್ಲಿ ಏನು ಮಾಡಬೇಕು? 'ಉತ್ತರ ಬಂದಿಲ್ಲ' ಅನ್ನಬೇಕು ತಾನೆ? ಇದರೊಳಗೆ ಯಾರೋ ಪುಣ್ಯಾತ್ಮರು ಒಂದು ಸಾಲು ಬರೆದಿಟ್ಟಿದ್ದಾರೆ: ಸ್ವಲ್ಪ ಕಾಯಿ, ಉತ್ತರ ಬರದಿದ್ರೆ ನೀನೇ 'ಆಯ್ತು' ಅಂದುಬಿಡು! ಕೌಂಟರಿನವರು ಕಾದು ಕಾದು ಬೇಜಾರಾಗಬಾರದು ಅಂತ!

ಯಾರು ಬರೆದಿದ್ದಾ? ನನಗೇನೋ ಗೊತ್ತು? ಎಷ್ಟೋ ಜನ ಬಂದು ಹೋದ ಜಾಗ ಇದು. ನಮ್ಮ ಯಜಮಾನ್ರೂ ಅದನ್ನೇ ಕೇಳ್ತಾ ಬೆಳಿಗ್ಗೆಯಿಂದ ಬುಸ್ ಬುಸ್ ಅಂತಿದ್ದಾರೆ. ಇಲ್ಲಿ ಎಲ್ಲರೂ ಅವರನ್ನ ಕುಕ್ಕರ್ ಅನ್ನೋದು ಸುಮ್ಮನೆ ಅಲ್ಲ.

ಹೊರಡೋಣ, ಹೊರಡೋಣ... ಏನು ಅವಸರ ನಿನಗೆ? ಹೇಳದೆ ಕೇಳದೆ ನನ್ನ ಆಫೀಸಿಗೆ ಬಂದು, ಕಂಕುಳಲ್ಲಿ ಕೂಸು, ಕೈಯಲ್ಲಿ ಕಿತ್ತಳೆ ಹಣ್ಣು, 'ನಡಿ ಅಕ್ಕ, ಅಪ್ಪನ ಹತ್ರ ಹೋಗೋಣ' ಅಂದ್ರೆ? ಶರ್ಟು ಬೇರೆ ಇಸ್ತ್ರಿ! ಇಲ್ಲಿ ಮಾಡಿಸಿದ್ದಲ್ಲ ತಾನೆ?

ಅಪ್ಪ ಕರೆದಿದ್ದು ನಿಜ ಕಣೋ, ಯಾರು ಇಲ್ಲ ಅಂದ್ರು? ಮೊನ್ನೆ ಮಗು ಫೋಟೋ ತೋರಿಸಿದೆ. ಎಷ್ಟೋ ಹೊತ್ತು ನೋಡಿದ್ರು. 'ಮೂಗು ನನ್ನದೇ' ಅಂದ್ರು. 'ಕರ್ಕೊಂಡು ಬರೋಕೆ ಹೇಳು' ಅಂದ್ರು. ಎಲ್ಲಾ ಹೇಳಿದೀನಲ್ಲ ನಿನಗೆ. ಆದ್ರೆ ಇವತ್ತೇ ಅಂದ್ರೆ ಹೇಗೆ? ನನಗೆ ಮನೆಗೆ ಹೋದ್ರೆ ಸೊಂಟ ಮುರಿಯೋಷ್ಟು ಕೆಲಸ. ಅವರ ಕಣ್ಣಿಗೆ ಹನಿ ಹಾಕಬೇಕು. ಹಾಕೋಕೆ ಬಿಡಲ್ಲ, ಮಗು ತರ ಮುಖ ತಿರುಗಿಸ್ತಾರೆ. ಪಟ್ಟಿ ಬಿಚ್ಚಿದ್ದೇ ಇವತ್ತು ಬೆಳಿಗ್ಗೆ. ಒಂದು ವಾರ ಏನು ಕಾಟ ಅಂತೀಯ! ಒಂದು ಕಣ್ಣಿಗೆ ಪಟ್ಟಿ, ಇನ್ನೊಂದರಲ್ಲಿ ಮೊದಲೇ ಏನೂ ಕಾಣಲ್ಲ. ಗೋಡೆ ಹಿಡ್ಕೊಂಡು ನಡೆಯೋದು, ಬಾಗಿಲಿಗೆ ಡಿಕ್ಕಿ ಹೊಡೆದು ಬಾಗಿಲನ್ನೇ ಬೈಯೋದು, ನನ್ನ ಮುಖ ಕಾಣದೆ 'ಯಾರದು, ಯಾರದು' ಅಂತ...

...

ಏನು?

ಮೊನ್ನೆನೂ ಕಣ್ಣಿಗೆ ಪಟ್ಟಿ ಇತ್ತಾ ಅಂತೀಯಾ?

ಆಪರೇಷನ್ ವಿಷಯ ಹೇಳಿರಲಿಲ್ವಾ? ಹೇಳ್ದೆ ಅಂದ್ಕೊಂಡಿದ್ದೆ... ಸಣ್ಣ ಆಪರೇಷನ್ ಕಣೋ... ಫೋಟೋ... ಫೋಟೋ ಅಂದ್ರೆ... ನಾನು ಬಾಯಲ್ಲಿ ವರ್ಣಿಸಿದೆ, ಅವರು... ಮೂಗು ಹೀಗಿದೆ ಅಂತ ನಾನು ಅಂದೆ, ಅದಕ್ಕೆ ಅವರು...

ಹಾಗೆ ನೋಡಬೇಡ್ವೋ. ಬೈದುಬಿಡು, ಬೇಕಾದ್ರೆ ಕಿತ್ತಳೆ ತಗೊಂಡು ಎಸಿ. ಹಾಗೆ ನೋಡಬೇಡ.

ಸರಿ! ಅವರು ಏನೂ ಅನ್ನಲಿಲ್ಲ! ಮಗು ಫೋಟೋ ಬಂದಿದೆ ಅಂದೆ, ಗೋಡೆ ಕಡೆ ತಿರುಗಿ ಮಲಗಿದ್ರು. ಅಷ್ಟೇ. ನೀನು ಫೋನಲ್ಲಿ ಉಸಿರು ಬಿಗಿ ಹಿಡ್ಕೊಂಡು 'ಅಕ್ಕ, ಅಪ್ಪ ಏನಂದ್ರು?' ಅಂತ ಕೇಳ್ತೀಯಲ್ಲ, ಆಗ ನಾನೇನು ಹೇಳಲಿ? 'ಏನೂ ಅನ್ನಲಿಲ್ಲ' ಅನ್ನಲಾ? ನನ್ನ ಬಾಯಿಗೆ ಬರಲ್ಲ ಕಣೋ ಅದು! ಈ ಫೈಲಿನ ಸಾಲು ಬರೆದವಳೂ ನಾನೇ. ಯಾರಾದ್ರೂ ಉತ್ತರಕ್ಕೆ ಕಾಯ್ತಾ ಕೂತಿದ್ರೆ ನನ್ನ ಕೈಲಿ ನೋಡೋಕಾಗಲ್ಲ. ಅಪ್ಪನಿಗೂ ಹೇಳಿದೀನಿ, ನೀನು 'ನನ್ನದು ತಪ್ಪಾಯ್ತು' ಅಂದೆ ಅಂತ. ಅವರು ನಂಬಲಿಲ್ಲ. ನಿನ್ನನ್ನ ಚೆನ್ನಾಗಿ ಬಲ್ಲರು.

ಯಾರಿಗೆ ಫೋನು?

ಬೇಡ. ಬೇಡ ಡುಮ್ಮ, ಕೊಡಿಲ್ಲಿ! ನಾನು ಮೊದಲು ಹೋಗಿ ಮೆತ್ತಗೆ ಹೇಳ್ತೀನಿ, ಆಮೇಲೆ ನೀನು... ಸ್ಪೀಕರಿಗೆ ಯಾಕೋ ಹಾಕಿದೆ?

ಶ್... ಅಪ್ಪ ತೆಗೆದ್ರು. ಆ ಕೆಮ್ಮು ಅವರದ್ದೇ. ಮಾತಾಡು. ಮಾತಾಡೋ! ಹಲೋ ಅಂದಾಯ್ತು ಅವರು, ಇನ್ನೇನು ಹಾಡು ಹೇಳಬೇಕಾ? ...ಅವರೂ ಇಡ್ತಿಲ್ಲ. ಪಟ್ಟಿ ಬಿಚ್ಚಿದ್ರೂ ಇನ್ನೂ ಮಂಜು ಮಂಜು, ಯಾರ ನಂಬರು ಅಂತಾನೂ ಕಾಣಲ್ಲ ಅವರಿಗೆ, ಆದ್ರೂ ಇಡ್ತಿಲ್ಲ ನೋಡು.

ಅಯ್ಯೋ, ಎದ್ದಳು ಕಣೋ. ಎತ್ಕೋ, ಎತ್ಕೋ, ಟವೆಲಿಂದ ಜಾರ್ತಾಳೆ! ಏನು ಗಂಟಲೋ ಇದು, ನಮ್ಮ ಕುಕ್ಕರ್ ಇವಳ ಮುಂದೆ ಏನೂ ಅಲ್ಲ...

ಕೇಳಿಸ್ತಾ?

'ಯಾರದು ಮಗು?' ಅಂತಿದ್ದಾರೆ.

ನನ್ನ ಮುಖ ಯಾಕೆ ನೋಡ್ತೀಯ? ಇಲ್ಲ. ನಾನು ಹೇಳಲ್ಲ. ಈ ಸಲ ಸತ್ತರೂ ಹೇಳಲ್ಲ. ನೋಡು, ಬಾಯಿ ಮೇಲೆ ಎರಡು ಕೈಯೂ ಇಟ್ಕೊಂಡಿದೀನಿ...

ಇನ್ನೊಂದು ಸಲ ಕೇಳ್ತಿದ್ದಾರೆ ಕಣೋ.