ಕಾಗದದ ಹೆಸರಿಗೆ ಓಗೊಡದವಳು

ಸ್ವಲ್ಪ ಹತ್ತಿರ ಬನ್ನಿ. ಗಟ್ಟಿಯಾಗಿ ಹೇಳುವ ಮಾತಲ್ಲ ಇದು. ಗಟ್ಟಿಯಾಗಿ ಮಾತಾಡುವುದು ನಮ್ಮೂರಿನವರಿಗೆ ಮರೆತೇ ಹೋಗಿದೆ ಅನ್ನಿ...

ನನ್ನ ಚಿಕ್ಕಪ್ಪನ ಮಗ ರಮೋಗೆ ಆದದ್ದು. ರಮೋ ಪುಕ್ಕಲನಲ್ಲ. ಗಡಿಯ ಮುಳ್ಳುತಂತಿಯ ಅಡಿಯಲ್ಲಿ ತೆವಳಿ ಆಚೆಯಿಂದ ಚಹಾಪುಡಿ ತಂದು ಖಾಮಿಶ್ಲಿ ಪೇಟೆಯಲ್ಲಿ ಮಾರಿದವನು. ಅಂಥವನು ಆ ರಾತ್ರಿ ಹತ್ತಿ ಹೊಲಕ್ಕೆ ನೀರು ಕಟ್ಟಿ ಮನೆಗೆ ಬರುತ್ತಿದ್ದ. ದಾರಿಯಲ್ಲಿ ಹಳೇ ಬಾವಿ, ಪಕ್ಕದಲ್ಲಿ ಹಿಪ್ಪುನೇರಳೆ ಮರ, ಅದರಾಚೆ ಖಬರಸ್ತಾನ. ದೂರದಲ್ಲಿ ಯಾರದೋ ಪಂಪ್‌ಸೆಟ್ಟು ದಡದಡ ಅನ್ನುತ್ತಿತ್ತು. ಅದು ಕೆಮ್ಮಿದ ಹಾಗೆ ಮಾಡಿ ನಿಂತಿತು. ಆಮೇಲೆ ಏನೂ ಇಲ್ಲ... ಚಪ್ಪಲಿಗೆ ಮೆತ್ತಿದ ಕೆಸರು ಮಾತ್ರ, ಪಚ್, ಪಚ್.

ಬಾವಿಯ ಕಡೆಯಿಂದ ಒಂದು ಸದ್ದು ಬಂತು.

“ಚ್...”

ಅಯ್ಯೋ ಪಾಪ ಅಂತ ಲೊಚಗುಟ್ಟುತ್ತಾರಲ್ಲ, ಅದಲ್ಲ. ಗದ್ದ ಮೇಲೆತ್ತಿ, ನಾಲಗೆ ಅಂಗುಳಿಗೆ ಒತ್ತಿ, ಒಂದೇ ಸಲ. ನಮ್ಮ ಕಡೆ ಹಾಗೆ ಅಂದರೆ ‘ಅಲ್ಲ’ ಅಂತ ಅರ್ಥ.

ರಮೋ ನಿಂತುಬಿಟ್ಟ. ಆ ಸದ್ದು ಅವನಿಗೆ ಚೆನ್ನಾಗಿ ಗೊತ್ತು. ಮಾತುಮಾತಿಗೂ ಹಾಗೆ ಮಾಡುತ್ತಿದ್ದವಳು ಅವನ ತಂಗಿ ಖುನಾವ್. ಅವಳನ್ನು ಮಣ್ಣು ಮಾಡಿ ಇನ್ನೂ ವಾರವಾಗಿರಲಿಲ್ಲ.

ನಿಮಗೆ ಅವಳ ಹೆಸರಿನ ವಿಷಯ ಹೇಳಬೇಕು. ನಮಗೆಲ್ಲ ಎರಡೆರಡು ಹೆಸರು, ಒಂದು ಮನೆಯದು, ಒಂದು ಕಾಗದದ್ದು. ನಾವು ಕುರ್ದರು, ಸರ್ಕಾರ ಅರಬ್ಬರದು. ಕುರ್ದ್ ಹೆಸರನ್ನು ಸರ್ಕಾರದ ದಫ್ತರಿನಲ್ಲಿ ಬರೆಯಕೂಡದು ಅಂತ ಹುಕುಂ. ಊರಿಗೂ ಅದೇ ಗತಿ. ನಮ್ಮಪ್ಪ ಹುಟ್ಟಿದ ಊರಿನಲ್ಲೇ ನಾನೂ ಹುಟ್ಟಿದ್ದು, ಆದರೆ ಯಾವ ನಕ್ಷೆಯಲ್ಲಿ ಹುಡುಕಿದರೂ ಆ ಊರು ಸಿಗುವುದಿಲ್ಲ. ಖುನಾವ್ ಅಂದರೆ ಇಬ್ಬನಿ. ಅವಳು ಹುಟ್ಟಿದಾಗ ಚಿಕ್ಕಪ್ಪ ಹೆಸರು ಬರೆಸಲು ಹೋದರೆ ಗುಮಾಸ್ತ, “ಇದೆಂಥಾ ಹೆಸರಯ್ಯಾ? ಅರ್ಥ ಏನು?” ಅಂದನಂತೆ. ಚಿಕ್ಕಪ್ಪ ಹೇಳಿದರು.

“ಹಾಗಾದ್ರೆ ನದಾ ಅಂತ ಬರ್ಕೋತೀನಿ. ಅರಬ್ಬೀಲಿ ಅದೂ ಇಬ್ಬನೀನೇ. ಕಾಲು ಒದ್ದೆ ಆಗೋದು ಎರಡ್ರಲ್ಲೂ ಆಗುತ್ತೆ ಬಿಡು!”

ಒಳ್ಳೆಯವನೇ ಪಾಪ. ಬೇರೆಯವರು ಅರ್ಥವನ್ನೂ ಕೇಳುತ್ತಿರಲಿಲ್ಲ, ಬಾಯಿಗೆ ಬಂದದ್ದು ಬರೆದು ಮುದ್ರೆ ಒತ್ತುತ್ತಿದ್ದರು.

ಶಾಲೆಯಲ್ಲಿ ಮಾಸ್ತರು “ನದಾ!” ಅಂತ ಹಾಜರಿ ಕೂಗಿದರೆ ಖುನಾವ್ ಗದ್ದ ಎತ್ತಿ “ಚ್” ಅನ್ನುವಳು. ಏಟು ಬೀಳುತ್ತಿತ್ತು. ಮರುದಿನ ಮತ್ತೆ “ಚ್”. ಕೊನೆಗೆ ಮಾಸ್ತರೇ ಸೋತು, ಬೆರಳು ತೋರಿಸಿ “ಏಯ್, ನೀನು!” ಅನ್ನತೊಡಗಿದರು. ಅಷ್ಟು ಹಟಮಾರಿ. ಮದುವೆಗೆ ಮಾತಾಗಿತ್ತು, ಬಟ್ಟೆಯೂ ಬಂದಿತ್ತು. ಕಾಮಾಲೆ ತಗುಲಿ ಹೋಗಿಬಿಟ್ಟಳು.

ನಮ್ಮಲ್ಲಿ ಮಣ್ಣು ಮುಚ್ಚಿದ ಮೇಲೆ ಊರಿನ ಮೌಲ್ವಿ ತಲೆಯ ಹತ್ತಿರ ಕೂತು ಸತ್ತವರನ್ನು ಕರೆಯುತ್ತಾರೆ. ತಾಯಿಯ ಹೆಸರು ಸೇರಿಸಿ ಕರೆಯಬೇಕು. ಇಂಥವಳ ಮಗಳೇ, ಇಂಥವಳೇ... ಈಗ ದೇವದೂತರು ಬರುತ್ತಾರೆ, ಪ್ರಶ್ನೆ ಕೇಳುತ್ತಾರೆ, ಹೆದರಬೇಡ, ಹೀಗೆ ಹೀಗೆ ಉತ್ತರ ಹೇಳು ಅಂತ. ಬದುಕಿರುವವರು ಅವರಿಗೆ ಆಡುವ ಕೊನೆಯ ಮಾತು ಅದು. ಆದರೆ ಆ ಕಾಲದಲ್ಲಿ ಖಬರಸ್ತಾನದಲ್ಲೂ ಕಾಗದದ ಹೆಸರನ್ನೇ ಹೇಳಬೇಕು ಅಂತ ತಾಕೀತು ಇತ್ತು. ಊರಿನ ಸುದ್ದಿಯನ್ನೆಲ್ಲ ಮೇಲಿನವರಿಗೆ ರಿಪೋರ್ಟು ಬರೆಯುವ ಹಮೂದ್, ಗುಂಡಿಯ ಅಂಚಿನಲ್ಲೇ ಜಪಮಣಿ ಉರುಳಿಸುತ್ತಾ ನಿಂತಿದ್ದ. ನಮ್ಮ ಮೌಲ್ವಿ, ನಾವು ಮೆಲಾ ಅನ್ನುತ್ತೇವೆ, ಮೆಲಾ ಫರ್ಹೋ ಅಂತ, ಅದಾಗಲೇ ಒಮ್ಮೆ ಜೈಲಿಗೆ ಹೋಗಿ ಬಂದವರು. ಬಂದಾಗ ಬಾಯಲ್ಲಿ ಹಲ್ಲಿರಲಿಲ್ಲ.

ಅವರು ಕಣ್ಣು ಮುಚ್ಚಿಕೊಂಡು, “ವರ್ದಾಳ ಮಗಳೇ, ನದಾ...” ಅಂತ ಶುರು ಮಾಡಿದರು.

ನಾನೂ ಅಲ್ಲಿದ್ದೆ. ಯಾರ ಮಣ್ಣಿಗೆ ಬಂದಿದ್ದೇವೆ ಅಂತ ಒಂದು ಗಳಿಗೆ ನನಗೇ ತಿಳಿಯಲಿಲ್ಲ. ಚಿಕ್ಕಮ್ಮನ ಹೆಸರು ಗುಲೆ. ವರ್ದಾ ಅನ್ನುವುದು ಅವಳ ಕಾಗದದ ಹೆಸರು, ಅವಳಿಗೇ ಅದು ಸರಿಯಾಗಿ ನೆನಪಿರುವುದಿಲ್ಲ. ಹೆಂಗಸರು ಮಣ್ಣಿಗೆ ಬರುವ ಪದ್ಧತಿ ಇಲ್ಲ. ಹಾಗಾಗಿ ಮಗಳನ್ನು ಏನಂತ ಕರೆದರು ಅನ್ನುವುದು ಅವಳಿಗೆ ಗೊತ್ತಾಗಲಿಲ್ಲ. ಯಾರೂ ಹೇಳಲೂ ಇಲ್ಲ.

ಈಗ ಬಾವಿಯ ಹತ್ತಿರ ರಮೋ...

“ಯಾರದು?”

“ಅಣ್ಣಾ...”

ಪಿಸುಮಾತು. ಕಿವಿಯ ಹತ್ತಿರವೂ ಅಲ್ಲ, ದೂರವೂ ಅಲ್ಲ.

“ಅಣ್ಣಾ... ಅವತ್ತು ಯಾರನ್ನೋ ಕರೆದ್ರಲ್ಲ, ನದಾ ಅಂತ. ಅವಳು ಹೋದ್ಲಾ?”

ರಮೋ ಒಂದು ಹೆಜ್ಜೆ ಹಿಂದಕ್ಕೆ ಇಟ್ಟ.

“ನನ್ನನ್ನ ಯಾವಾಗ ಕರೀತಾರೆ?”

ಮರದ ಒಂದು ಎಲೆಯೂ ಅಲುಗಲಿಲ್ಲ. ಬಾವಿಯ ಒಳಗೆ ನೀರಿಗೆ ಮಣ್ಣಿನ ಹೆಂಟೆ ಬಿದ್ದ ಸದ್ದು... ಬುಳುಕ್.

“ಬೇಗ ಕರೀರಿ ಅಂತ ಹೇಳಣ್ಣ. ಇಲ್ಲಿಗೆ ಯಾರೂ ಬರ್ತಾ ಇಲ್ಲ. ಒಬ್ಬಳೇ ಕೂತಿದೀನಿ...”

ರಮೋ ಮನೆಗೆ ಹೇಗೆ ಬಂದನೋ ಅವನಿಗೇ ಗೊತ್ತಿಲ್ಲ. ಚಿಕ್ಕಮ್ಮ ಎದ್ದೇ ಇದ್ದಳು. ಮಗನ ಮುಖ ನೋಡಿ ಬೇರೇನೂ ಕೇಳಲಿಲ್ಲ.

“ಅವತ್ತು ಮೆಲಾ ಏನಂತ ಕರೆದ್ರೋ?”

“ಎಲ್ಲಾರನ್ನೂ ಕರೆಯೋ ಹಾಗೇನೇ ಅಮ್ಮಾ.”

“ಏನಂತ ಕರೆದ್ರು ಅಂತ ಕೇಳ್ದೆ.”

ಕರೆದ ಹೆಸರನ್ನೂ ಬಾವಿಯ ಹತ್ತಿರ ಕೇಳಿದ್ದನ್ನೂ ರಮೋ ಹೇಳಿದ. ಚಿಕ್ಕಮ್ಮ ತಲೆಯ ಮೇಲೆ ಬಟ್ಟೆ ಎಳೆದುಕೊಂಡು ಎದ್ದಳು. “ಅವಳ್ಯಾರೋ ನದಾ? ನಾನು ಹೆತ್ತಿದ್ದು ಅವಳನ್ನಲ್ಲ,” ಅಂದವಳು ಬರಿಗಾಲಿನಲ್ಲೇ ಮೆಲಾ ಮನೆಗೆ ನಡೆದಳು. ರಮೋ ಹಿಂದೆಯೇ ಹೋದ.

ಮೆಲಾ ಬಾಗಿಲು ಅರ್ಧ ತೆಗೆದು ಅವಳ ಮಾತು ಕೇಳಿದರು. “ತಂಗೀ, ಒಂದ್ಸಲ ಓದಿದ್ದನ್ನ ಮತ್ತೆ ಓದೋ ಪದ್ಧತಿ ಇಲ್ಲಮ್ಮಾ.”

“ಪಕ್ಕದ ಮನೆ ಬಾಗಿಲು ತಟ್ಟಿ, ನಿಮ್ಮನೆಗೆ ಬಂದಿದ್ದೆ ಅಂತೀರಲ್ಲ ಮೆಲಾ!”

“ಮೆಲ್ಲಗೆ... ಹಮೂದ್ ರಿಪೋರ್ಟು ಬರೀತಾನೆ.”

“ಬರೀಲಿ. ಅವನು ಬರೆದಿದ್ದನ್ನ ಅವನಿಗೇ ಓದೋಕಾಗಲ್ಲ.”

ಮೆಲಾಗೆ ನಗು ಬಂತು. ಆಮೇಲೆ ನಗು ಹೋಯಿತು. “ಗುಲೆ, ಇನ್ನೊಂದ್ಸಲ ಕರ್ಕೊಂಡು ಹೋದ್ರೆ ನಾನು ವಾಪಸ್ ಬರಲ್ಲ. ಇದು ನಿಂಗೂ ಗೊತ್ತು.”

ಚಿಕ್ಕಮ್ಮನಿಗೂ ಗೊತ್ತಿತ್ತು. ಹೊಸ್ತಿಲ ಮೇಲೆ ಕೂತುಬಿಟ್ಟಳು, ಅಷ್ಟೇ. ಮೆಲಾ ಬಹಳ ಹೊತ್ತು ಅವಳ ಮಣ್ಣಾದ ಕಾಲು ನೋಡುತ್ತಾ ನಿಂತಿದ್ದರು. ಕೊನೆಗೆ ಒಳಗೆ ಹೋಗಿ ಪೇಟ ಸುತ್ತಿಕೊಂಡು ಬಂದರು.

ಮೂವರೇ ಹೋದರು. ಬ್ಯಾಟರಿಯನ್ನೂ ಹಚ್ಚಲಿಲ್ಲ. ಮೆಲಾ ತಲೆಯ ಹತ್ತಿರ ಕೂತು ಗಂಟಲು ಸರಿ ಮಾಡಿಕೊಂಡರು. ಪಿಸುಗುಡುತ್ತಾರೆ ಅಂದುಕೊಂಡಿದ್ದ ರಮೋ. ಇಲ್ಲ... ಬಾಂಗ್ ಕೂಗುವ ದನಿಯಲ್ಲಿ ಕರೆದರು.

“ಗುಲೆಯ ಮಗಳೇ... ಖುನಾವ್!”

ಗಾಳಿಯಿಲ್ಲ, ನಾಯಿಯಿಲ್ಲ.

ಆಮೇಲೆ, ಮಣ್ಣಿನ ಒಳಗಿಂದ...

“ಓ...”

ಒಳಮನೆಯಲ್ಲಿ ಹಿಟ್ಟು ನಾದುತ್ತಿರುವ ಹುಡುಗಿಯನ್ನು ಕರೆದರೆ ಅನ್ನುತ್ತಾಳಲ್ಲ, ಹಾಗೆ. ಮೂವರಿಗೂ ಕೇಳಿಸಿತು. ಚಿಕ್ಕಮ್ಮ ಮಣ್ಣಿನ ಮೇಲೆ ಅಂಗೈ ಇಟ್ಟಳು. “ಹೆದರ್ಬೇಡ ಕಂದಾ. ಕೇಳಿದ್ದಕ್ಕೆ ಉತ್ತರ ಹೇಳು. ಆಮೇಲೆ ಮಲಗು.” ಮೆಲಾ ಉಳಿದದ್ದನ್ನು ಓದಿ ಮುಗಿಸಿದರು. ಮತ್ತೆ ಸದ್ದು ಬರಲಿಲ್ಲ.

ಎದ್ದು ಹೊರಡಬೇಕು... ಆಗ ಬೆನ್ನ ಹಿಂದಿನ ಸಾಲಿನಿಂದ.

“ಚ್.”

ಅದರ ಪಕ್ಕದಿಂದ, “ಚ್.” ಗೋಡೆಯ ಕಡೆಯಿಂದ ಇನ್ನೊಂದು.

ಹುಕುಂ ಬಂದ ಮೇಲೆ ಕಾಗದದ ಹೆಸರಿನಲ್ಲಿ ಮಣ್ಣಾದವರೆಲ್ಲ. ಮೆಲಾ ಅವರನ್ನು ಬಿಟ್ಟು ಬರಲಿಲ್ಲ. ಚಿಕ್ಕಮ್ಮ ಒಂದೊಂದು ಗೋರಿಯ ಮುಂದೆ ನಿಂತು ಹೇಳುವಳು, “ಇವಳು ಬೆಸ್ನಾ, ಶೆಮೆಯ ಮಗಳು. ಇವನು ನಮ್ಮ ಕುಂಟ ಚೆಲೋ, ಮಹಾ ಬಾಯಿಬಡುಕ, ಗಟ್ಟಿಯಾಗಿ ಕರೀರಿ.” ಮೆಲಾ ಕರೆಯುವರು. ಕೆಳಗಿಂದ “ಓ...” ಬರುವುದು.

ಕೊನೆಗೆ ಮೂಲೆಯಲ್ಲಿ ಒಂದು ಗೋರಿ ಉಳಿಯಿತು. ಅವಳು ಗಡಿಯಾಚೆಯಿಂದ ಮದುವೆಯಾಗಿ ಬಂದವಳು. ಗಂಡ ಬೇಗ ಸತ್ತ, ಮಕ್ಕಳಿರಲಿಲ್ಲ. ಊರಿಡೀ ಅವಳನ್ನು ‘ಸೊಸೆ’ ಅಂತಲೇ ಕರೆಯಿತು. ಕೂದಲು ಬೆಳ್ಳಗಾಗಿ ಬೆನ್ನು ಬಾಗಿದ ಮೇಲೂ ಸೊಸೆ.

“ಸೊಸೇ...” ಅಂದರು ಮೆಲಾ.

“ಚ್.”

ಕಾಗದದಲ್ಲಿ ಸಬೀಹಾ ಅಂತಿತ್ತು. ಅದನ್ನೂ ಅಂದು ನೋಡಿದರು. “ಚ್.”

ಮೆಲಾ ಚಿಕ್ಕಮ್ಮನ ಮುಖ ನೋಡಿದರು.

“ಅವಳ ಕೈ ರೊಟ್ಟಿ ತಿಂದು ಬೆಳೆದೋಳು ನಾನು,” ಅಂದಳು ಚಿಕ್ಕಮ್ಮ. “ಹೆಸರೇ ಕೇಳ್ಲಿಲ್ವಲ್ಲ ಮೆಲಾ... ಒಂದು ದಿನಾನೂ ಕೇಳ್ಲಿಲ್ವಲ್ಲ!”

ಮಗಳಿಗೆ ಅತ್ತದ್ದಕ್ಕಿಂತ ಹೆಚ್ಚು ಅಲ್ಲಿ ಅತ್ತಳು ಅನ್ನುತ್ತಾನೆ ರಮೋ. ಇದನ್ನು ಸರ್ಕಾರದ ತಲೆಗೆ ಕಟ್ಟುವ ಹಾಗಿಲ್ಲ ನೋಡಿ. ಸೊಸೆಯ ನಿಜವಾದ ಹೆಸರು ಬದುಕಿರುವ ಯಾರ ಬಾಯಲ್ಲೂ ಇರಲಿಲ್ಲ.

ಆ ಶುಕ್ರವಾರ ನಮಾಜು ಮುಗಿಯುತ್ತಿದ್ದ ಹಾಗೆ ಜೀಪು ಬಂತು. ಹಮೂದ್ ಬರೆದನೋ, ಗಾಳಿಯೇ ಸುದ್ದಿ ಒಯ್ದಿತೋ. ಮೆಲಾ ಫರ್ಹೋ ತಾವು ಹೇಳಿದ್ದಂತೆ ವಾಪಸ್ ಬರಲಿಲ್ಲ. ಎಲ್ಲಿ ಮಣ್ಣು ಮಾಡಿದರೋ, ಮಾಡಿದರೋ ಇಲ್ಲವೋ, ತಲೆಯ ಹತ್ತಿರ ಕೂತು ಅವರನ್ನು ಯಾರಾದರೂ ಕರೆದರೋ ಇಲ್ಲವೋ... ಅದನ್ನು ಯೋಚಿಸಿದರೆ ನನಗೆ ನಿದ್ದೆ ಬರುವುದಿಲ್ಲ.

ಈಗಲೂ ನಮ್ಮೂರಿನವರು ಸೊಸೆಯ ಗೋರಿಯಿರುವ ಆ ಮೂಲೆ ದಾಟುವಾಗ ನೆನಪಿಗೆ ಬಂದ ಒಂದು ಹಳೇ ಹೆಣ್ಣು ಹೆಸರನ್ನು ಕರೆಯುತ್ತಾರೆ. ಕರೆದು, ನಿಂತು, ಕಿವಿಗೊಟ್ಟು ಕೇಳಿ, ಮುಂದೆ ಹೋಗುತ್ತಾರೆ. ನಂಬದಿದ್ದರೆ ಬಿಡಿ. ಹೋದ ಚಳಿಗಾಲದಲ್ಲಿ ನಾನೇ ಹೋಗಿ ನಿಂತು ನಮ್ಮಜ್ಜಿಯ ಹೆಸರು ಕರೆದು ಬಂದಿದ್ದೇನೆ. ಅನ್ನದ ಮೇಲೆ ಆಣೆ ಮಾಡಿ ಹೇಳುತ್ತೇನೆ, ಸೊಸೆಯ ಹೆಸರು ನೆರ್ಗಿಜ್ ಅಲ್ಲ.