ಕಾರ್ಬೀನ್: ಅರ್ಥ, ಬಳಕೆ ಮತ್ತು ನನ್ನ ನಷ್ಟ

ಅಧ್ಯಕ್ಷರ ಕುರ್ಚಿಯಲ್ಲಿ ಕುಳಿತು ಆಗಲೇ ಗಡಿಯಾರ ನೋಡಿಕೊಳ್ಳುತ್ತಿರುವ ಪ್ರಾಂಶುಪಾಲರೇ, ಇವತ್ತಿನ ಸನ್ಮಾನಕ್ಕೆ ಪಾತ್ರಳಾದ ನನ್ನ ಅಕ್ಕನ ಮಗಳೇ, ವೇದಿಕೆಯ ಮೇಲೆ ಇರಲೇಬೇಕಾದ ಹಿರಿಯರೇ, ಇರಲೇಬೇಕೆಂದೇನೂ ಇಲ್ಲದಿದ್ದರೂ ಇರುವ ಐಸಣ್ಣನವರೇ, ಮುಂದಿನ ಎರಡು ಸಾಲು ಖಾಲಿ ಬಿಟ್ಟು ಬಾಗಿಲ ಹತ್ತಿರ ಕುಳಿತಿರುವ ಜಾಣ ಸಭಿಕರೇ,

ಕಾರ್ಬೀನ್ ಎಂಬ ಪದವನ್ನು ಈ ಜಗತ್ತಿಗೆ ಕೊಟ್ಟವನು ನಾನು.

ಪುಸ್ತಕಗಳಲ್ಲಿ ಬೇರೆ ಯಾರದೋ ಹೆಸರಿದೆಯಂತೆ. ಇರಲಿ ಬಿಡಿ, ಪುಸ್ತಕ ಬರೆಯುವವರಿಗೂ ಹೊಟ್ಟೆಪಾಡು ಇರುತ್ತದೆ. ಆದರೆ ಹದಿನಾರು ಅಡಿ ಉದ್ದದ ತಗಡಿನ ಮೇಲೆ, ಹಳದಿ ನೆಲಕ್ಕೆ ಕೆಂಪು ಅಕ್ಷರ, ಕೆಂಪು ಅಕ್ಷರಕ್ಕೆ ಕಪ್ಪು ನೆರಳು ಕೊಟ್ಟು, ಬಸ್ಸಿನ ಕಿಟಕಿಯಿಂದಲೂ ಓದಿಸಿಕೊಳ್ಳುವ ಹಾಗೆ ಆ ಪದವನ್ನು ನನಗಿಂತ ಮೊದಲು ಯಾರಾದರೂ ಬರೆದಿದ್ದರೆ ದಯವಿಟ್ಟು ಕೈ ಎತ್ತಿ. ಇದ್ದಾರೆಯೇ? ಇಲ್ಲ. ಮುಂದುವರಿಸುತ್ತೇನೆ.

ನಾನು ಬೋರ್ಡು ಬರೆಯುವವನು. ಓದಿದ್ದು ಹಳ್ಳಿಯ ಶಾಲೆಯಲ್ಲಿ, ಏಳನೆಯ ತರಗತಿಯವರೆಗೆ. ನಗಬೇಡಿ. ನಮ್ಮ ಶಾಲೆಗೆ ಇದ್ದದ್ದು ಒಂದೇ ಕೊಠಡಿ, ಅದರಲ್ಲಿ ಒಂದೇ ಹೊತ್ತಿಗೆ ನಾಲ್ಕು ತರಗತಿ, ಒಂದೊಂದು ಗೋಡೆಗೆ ಒಂದೊಂದರ ಮುಖ. ನನ್ನ ಪಾಠವೂ ಕಿವಿಗೆ ಬೀಳುತ್ತಿತ್ತು, ಉಳಿದ ಮೂರು ತರಗತಿಯ ಪಾಠವೂ ಬೀಳುತ್ತಿತ್ತು. ಆ ಲೆಕ್ಕದಲ್ಲಿ ಏಳು ವರ್ಷಕ್ಕೆ ನಾನು ಇಪ್ಪತ್ತೆಂಟು ವರ್ಷದ ವಿದ್ಯೆ ಕೇಳಿದ್ದೇನೆ. ಈ ವೇದಿಕೆಯ ಮೇಲೆ ಅಷ್ಟು ಕೇಳಿದವರು ಎಷ್ಟು ಜನ ಇದ್ದೀರಿ?

ಸಂಘಟಕರು ನನಗೆ ಕೊಟ್ಟ ವಿಷಯ: ಕಾರ್ಬೀನ್ ಎಂಬ ಹೆಸರಿನ ಅರ್ಥ ಮತ್ತು ಬಳಕೆ. ನಮ್ಮ ಹುಡುಗಿಗೆ ಇಷ್ಟು ದೊಡ್ಡ ಫಲಕ ಕೊಡುತ್ತಿರುವುದು ಯಾವುದಕ್ಕೆಂದು ಮನೆಯವರ ಬಾಯಲ್ಲೇ ಸರಳವಾಗಿ ಕೇಳಬೇಕು ಎಂದು ಅವರ ಆಸೆ. ಮೊದಲು ಐಸಣ್ಣನವರನ್ನೇ ಕೇಳಿದರಂತೆ. ಅವರು, “ನಂಗೆ ಮಾತು ಬರಲ್ಲ, ಅವರನ್ನ ಕೇಳಿ, ಚೆನ್ನಾಗಿ ಮಾತಾಡ್ತಾರೆ” ಅಂದರಂತೆ. ಕಾರ್ಯದರ್ಶಿಗಳು ಇದನ್ನು ಬಾಯಿತಪ್ಪಿ ನನಗೆ ಹೇಳಿಬಿಟ್ಟರು. ನಾನೇನೂ ಬೇಸರ ಮಾಡಿಕೊಳ್ಳಲಿಲ್ಲ. ಆ ದಿನ ಊಟ ಸೇರಲಿಲ್ಲ, ಅದು ಬೇರೆ ವಿಷಯ.

ಐಸಣ್ಣ ಯಾರು ಎಂದು ನೀವು ಕೇಳಬಹುದು. ಕೇಳದಿದ್ದರೂ ಹೇಳಬೇಕಾಗಿದೆ. ನನ್ನ ಭಾವನ ತಮ್ಮ. ಹುಡುಗಿಗೆ ಚಿಕ್ಕಪ್ಪ. ಮಂಜುಗಡ್ಡೆ ಕಾರ್ಖಾನೆ ಇಟ್ಟಿದ್ದಾರೆ. ಅಂದರೆ ನೀರನ್ನು ಗಟ್ಟಿ ಮಾಡಿ ಮಾರುತ್ತಾರೆ. ಹೆಚ್ಚು ಮಾತಿಲ್ಲ, ಕೋಪವಿಲ್ಲ, ಯಾರನ್ನೂ ಬೈದದ್ದಿಲ್ಲ. ಇಂಥವರ ಪಕ್ಕದಲ್ಲಿ ಒಬ್ಬ ಸಾಮಾನ್ಯ ಮನುಷ್ಯ ಬದುಕುವುದು ಎಷ್ಟು ಕಷ್ಟ ಎಂದು ಯಾರಾದರೂ ಯೋಚಿಸಿದ್ದೀರಾ?

ಹುಡುಗಿ ಸಂಶೋಧನೆ ಶುರು ಮಾಡಿದ ವರ್ಷ ಅವಳ ಪ್ರಯೋಗಶಾಲೆಯ ತಂಪು ಯಂತ್ರ ಕೆಟ್ಟಿತು. ಅದು ರಿಪೇರಿಯಾಗುವವರೆಗೆ ಐಸಣ್ಣ ದಿನಾ ಬೆಳಿಗ್ಗೆ ಗೋಣಿಚೀಲ ಸುತ್ತಿದ ಗಡ್ಡೆಗಳನ್ನು ಕಳಿಸಿದರು. ನಾನೇನು ಸುಮ್ಮನಿದ್ದೆನೇ? ಪ್ರಯೋಗಶಾಲೆಯ ಬಾಗಿಲ ಮೇಲೆ ಅವಳ ಹೆಸರು ಬರೆದುಕೊಟ್ಟೆ. ಎಂಥ ಅಕ್ಷರ ಅಂದರೆ, ಪಕ್ಕದ ಕೋಣೆಯ ಪ್ರೊಫೆಸರರ ಹೆಸರು ಅದರ ಮುಂದೆ ಔಷಧದ ಚೀಟಿಯ ಹಾಗೆ ಕಾಣುತ್ತಿತ್ತು. ಆಮೇಲೆ ಅವಳ ಮೊದಲ ಲೇಖನ ಅಚ್ಚಾಯಿತು. ಕೊನೆಯಲ್ಲಿ ಒಂದು ಸಾಲು: ಮಂಜುಗಡ್ಡೆ ಒದಗಿಸಿದ ಚಿಕ್ಕಪ್ಪನಿಗೆ ಕೃತಜ್ಞತೆಗಳು. ಬಾಗಿಲ ಬಗ್ಗೆ ಒಂದಕ್ಷರ ಇಲ್ಲ. ವಿಜ್ಞಾನಿಗಳು ಗೋಡೆ ತೂರಿ ಒಳಗೆ ಹೋಗುತ್ತಾರೋ ಏನೋ.

ಐಸಣ್ಣ ಆ ಪುಟಕ್ಕೆ ಗಾಜು ಹಾಕಿಸಿ ಕಾರ್ಖಾನೆಯ ಮೇಜಿನ ಹಿಂದೆ ನೇತುಹಾಕಿದರು. ಗಡ್ಡೆ ಕೊಳ್ಳಲು ಬಂದ ಮೀನು ವ್ಯಾಪಾರಿಯೂ ಅದನ್ನು ನೋಡಬೇಕು, ಜ್ಯೂಸ್ ಅಂಗಡಿಯವನೂ ನೋಡಬೇಕು. ನಾನೂ ನೋಡಿದೆ. ಆ ಪುಟದಲ್ಲಿ ಎದ್ದು ಕಾಣುತ್ತಿದ್ದ ಪದ ಒಂದೇ, ಕಾರ್ಬೀನ್. ಬೋರ್ಡು ಬರೆಯುವವನ ಕಣ್ಣು ನನ್ನದು. ಎಂಥ ಪದ ನೋಡಿ. ಬಾಯಿ ತುಂಬುತ್ತದೆ, ಕೊನೆಯಲ್ಲಿ ಎಳೆಯುತ್ತದೆ, ನೆರಳು ಕೊಟ್ಟರೆ ನಿಲ್ಲುತ್ತದೆ. ಅವರು ಒಂದು ಸಾಲನ್ನು ಗೋಡೆಗೆ ಹಾಕಿದರೆ ನಾನು ಆ ಪದವನ್ನೇ ಬೀದಿಗೆ ಹಾಕುತ್ತೇನೆ ಎಂದು ಅಲ್ಲೇ ನಿಂತು ತೀರ್ಮಾನಿಸಿದೆ.

ಆಗ ನಾನು ಹೊರಗೋಡೆಯ ಬಣ್ಣ ಮಾರುವ ಹೊಸ ವ್ಯಾಪಾರ ಶುರು ಮಾಡುತ್ತಿದ್ದೆ. ಬಣ್ಣ ಕಾರ್ಖಾನೆಯಿಂದ ಬರುವುದು, ಡಬ್ಬಿಯ ಮೇಲಿನ ಹೆಸರು ಮಾತ್ರ ನನ್ನದು. ಇನ್ನೂರು ಡಬ್ಬಿ ತರಿಸಿದೆ, ಎಲ್ಲ ಇಟ್ಟಿಗೆಗೆಂಪು. ಅಂಗಡಿಯ ಮೇಲೆ ಬೋರ್ಡು ಏರಿಸಿದೆ: “ಕಾರ್ಬೀನ್ ಬಣ್ಣಗಳು. ಒಮ್ಮೆ ಹಚ್ಚಿ, ಮೊಮ್ಮಕ್ಕಳಿಗೆ ತೋರಿಸಿ.”

ಅರ್ಥ ಕೇಳಬಾರದಿತ್ತೇ ಎಂದು ನೀವು ಕೇಳುತ್ತೀರಿ. ನನ್ನ ಹೆಂಡತಿಯೂ ಕೇಳಿದಳು. “ಫೋನ್ ತಗೊಂಡು ಹುಡುಗಿಗೆ ಒಂದು ಮಾತು ಕೇಳೋಕೆ ನಿಮಗೇನು ಧಾಡಿ?” ಅಂದಳು. ಹೇಗೆ ಕೇಳಲಿ ಹೇಳಿ? ಕೇಳಿದರೆ ನನಗೆ ಗೊತ್ತಿಲ್ಲ ಎಂದಾಗುತ್ತದೆ. ಐಸಣ್ಣನಿಗೆ ಗೊತ್ತಿದೆ, ನನಗೆ ಗೊತ್ತಿಲ್ಲ. ಈ ಮಾತು ನನ್ನ ಬಾಯಿಂದ ಬರುವುದಕ್ಕಿಂತ ಬೋರ್ಡು ಬರೆಯುವುದು ಸುಲಭವಾಗಿತ್ತು. ಹಾಗಾಗಿ ಬರೆದೆ.

ಅಂಗಡಿ ತೆರೆದ ದಿನ ಹುಡುಗಿ ತನ್ನ ಜೊತೆಯ ಪ್ರೊಫೆಸರರನ್ನೆಲ್ಲ ಕರೆದುಕೊಂಡು ಬಂದಳು. ಎಲ್ಲರೂ ರಸ್ತೆಯಾಚೆ ಸಾಲಾಗಿ ನಿಂತು ಬೋರ್ಡು ನೋಡಿದರು. ಅಕ್ಷರದ ಸೊಬಗಿಗೆ ಮಾತು ಹೊರಡುತ್ತಿಲ್ಲ ಎಂದುಕೊಂಡೆ. ಒಬ್ಬರು ಕರ್ಚೀಫಿನಲ್ಲಿ ಮುಖ ಮುಚ್ಚಿಕೊಂಡರು. ಇನ್ನೊಬ್ಬರು ಗೋಡೆಯ ಕಡೆ ತಿರುಗಿದರು, ಅವರ ಹೆಗಲು ಅಲುಗುತ್ತಿತ್ತು. ಹುಡುಗಿ ನನ್ನ ತೋಳು ಹಿಡಿದು ಒಳಗಿನ ಉಗ್ರಾಣಕ್ಕೆ ಕರೆದೊಯ್ದು ಒಂದು ಡಬ್ಬಿಯ ಮೇಲೆ ಕೂರಿಸಿದಳು.

“ಮಾವ, ಈ ಹೆಸರು ಯಾರು ಕೊಟ್ರು?”

“ನಾನೇ. ಯಾಕೆ, ಚೆನ್ನಾಗಿಲ್ವಾ?”

“ಚೆನ್ನಾಗಿದೆ. ಆದ್ರೆ ಮಾವ, ಕಾರ್ಬೀನ್ ಬಾಳೋ ವಸ್ತು ಅಲ್ಲ. ಕಾರ್ಬನ್ನಿಗೆ ನಾಲ್ಕು ಕೈ ಅಂದ್ಕೋ. ನಾಲ್ಕೂ ಕೈ ಯಾರನ್ನಾದ್ರೂ ಹಿಡ್ಕೊಂಡಿದ್ರೆ ಅದು ನೆಮ್ಮದಿಯಾಗಿರುತ್ತೆ. ಎರಡೇ ಕೈಗೆ ಜೊತೆ ಸಿಕ್ಕಿ ಇನ್ನೆರಡಕ್ಕೆ ಸಿಗದೆ ಹೋದ್ರೆ, ಆ ಅವಸ್ಥೆಗೆ ಕಾರ್ಬೀನ್ ಅಂತೀವಿ. ಕಣ್ಣು ಮಿಟುಕಿಸೋ ಅಷ್ಟು ಹೊತ್ತೂ ಇರಲ್ಲ.”

“ಅಂದ್ರೆ ಅದು ಒಂದು ವಸ್ತುವಿನ ಹೆಸರಲ್ವಾ?”

“ಒಂದರದ್ದಲ್ಲ, ಹಾಗಿರೋ ಎಲ್ಲದರದ್ದೂ. ಮದುಮಗ ಅಂತೀವಲ್ಲ, ಹಾಗೆ. ಯಾರು ಬೇಕಾದ್ರೂ ಆಗಬಹುದು, ಬಹಳ ಹೊತ್ತು ಆಗಿರೋಕೆ ಆಗಲ್ಲ.”

“ಹೊತ್ತು ಮೀರಿದ್ಮೇಲೆ ಏನ್ಮಾಡುತ್ತೆ?”

“ಹತ್ತಿರ ಏನಿದ್ರೆ ಅದರ ಮೇಲೆ ಬೀಳುತ್ತೆ. ಎರಡು ಪರಮಾಣು ತಮ್ಮ ಪಾಡಿಗೆ ಕೈ ಹಿಡ್ಕೊಂಡಿದ್ರೆ, ಅವೆರಡರ ನಡುವೆ ಹೋಗಿ ತೂರ್ಕೊಳ್ಳುತ್ತೆ.”

ಬಾಗಿಲಲ್ಲಿ ನಿಂತಿದ್ದ ನನ್ನ ಹೆಂಡತಿ ಅಂದಳು, “ಇದನ್ನ ಹಿಡಿಯೋಕೆ ಇಷ್ಟು ವರ್ಷ ಓದಬೇಕಿತ್ತಾ ಪುಟ್ಟಿ? ನಮ್ಮನೇಲೇ ಒಂದಿತ್ತಲ್ಲ.”

ಸಭಿಕರೇ, ನೀವು ನಗುತ್ತಿದ್ದೀರಿ. ಅವತ್ತು ಹುಡುಗಿ ನಗಲಿಲ್ಲ. ಅದನ್ನು ನಾನು ಮರೆತಿಲ್ಲ. ಅವಳು ಹೇಳಿದ್ದು ಇಷ್ಟು: “ಮಾವ, ಅದು ಉಳಿಯೋಕೆ ಒಂದು ದಾರಿ ಇದೆ. ಅದರ ಎರಡು ಪಕ್ಕದಲ್ಲೂ ನೈಟ್ರೋಜನ್ ಇಟ್ಟರೆ, ಅವು ತಮ್ಮಲ್ಲಿರೋದನ್ನ ಚೂರು ಚೂರು ಅದರ ಕಡೆ ಸರಿಸ್ತವೆ. ಆಗ ಗಾಳಿ, ನೀರು ತಾಗದ ಹಾಗೆ ನೋಡ್ಕೊಂಡ್ರೆ ಸೀಸೆಯಲ್ಲಿ ತಿಂಗಳುಗಟ್ಟಲೆ ಇರುತ್ತೆ. ನನ್ನ ಕೆಲಸವೇ ಅದು.” ಇವತ್ತಿನ ಸನ್ಮಾನವೂ ಅದಕ್ಕೇ. ಅರ್ಥವೂ ಆಯಿತು, ಬಳಕೆಯೂ ಆಯಿತು. ಅಧ್ಯಕ್ಷರು ಮತ್ತೆ ಗಡಿಯಾರ ನೋಡುತ್ತಿದ್ದಾರೆ. ಆದರೆ ನನ್ನ ವಿಷಯ ಮುಗಿದಿಲ್ಲ.

ಹೆಸರಿನ ಸುದ್ದಿ ಹಬ್ಬಿತು. ಕಾಲೇಜಿನ ಹುಡುಗರು ಬಂದು, “ಅಣ್ಣ, ಸಾಯಂಕಾಲದವರೆಗೆ ಗೋಡೆ ಮೇಲಿರುತ್ತಾ?” ಎಂದು ಕೇಳಿ ಹೋಗುತ್ತಿದ್ದರು. ಮೇಸ್ತ್ರಿಗಳು ನನ್ನ ಅಂಗಡಿ ದಾಟಿ ಮುಂದಿನ ಅಂಗಡಿಗೆ ಹೋದರು. ವಿಜ್ಞಾನಕ್ಕಾಗಿ ನಾನು ಹನ್ನೆರಡು ಲಕ್ಷ ಕಳೆದುಕೊಂಡೆ. ಹೌದು, ಹನ್ನೆರಡು ಲಕ್ಷ. ಈ ಆರು ವರ್ಷದಲ್ಲಿ ಮದುವೆಮನೆಯಲ್ಲಿ, ಕ್ಷೌರದ ಅಂಗಡಿಯಲ್ಲಿ, ಆಸ್ಪತ್ರೆಯ ಬೆಂಚಿನ ಮೇಲೆ ನಾನು ಈ ಮೊತ್ತ ಹೇಳಿದ್ದನ್ನು ನಿಮ್ಮಲ್ಲಿ ಅನೇಕರು ಕೇಳಿದ್ದೀರಿ. ಕೇಳಿದಾಗಲೆಲ್ಲ ಪಕ್ಕದಲ್ಲಿ ಐಸಣ್ಣ ಇದ್ದರೆ ತಲೆಯಾಡಿಸಿ, “ಹೌದು, ಪಾಪ, ದೊಡ್ಡ ಪೆಟ್ಟು” ಅನ್ನುತ್ತಿದ್ದರು.

ಇನ್ನು ನಡೆದದ್ದು ಹೇಳುತ್ತೇನೆ. ಅಂಗಡಿ ಮುಚ್ಚಬೇಕೆಂದಿದ್ದ ವಾರ, ಪರಿಚಯವಿಲ್ಲದ ಗುತ್ತಿಗೆದಾರನೊಬ್ಬ ಲಾರಿ ತಂದ. ಚೌಕಾಸಿ ಮಾಡಲಿಲ್ಲ. ಇದ್ದಷ್ಟನ್ನೂ ಕೊಡಿ ಅಂದ, ನಾನು ಹೇಳಿದ ಬೆಲೆ ಎಣಿಸಿ ಕೊಟ್ಟ. ನಾನು ಒಂದು ಡಬ್ಬಿಯನ್ನು ಮಾತ್ರ ಒಳಗೆ ಇಟ್ಟುಕೊಂಡೆ. ಯಾಕೆ ಎಂದರೆ ಹೇಳಲು ಬರುವುದಿಲ್ಲ. ಹುಡುಗಿ ನನ್ನನ್ನು ಕೂರಿಸಿದ್ದು ಅದರ ಮೇಲೆ.

ತಿಂಗಳು ಕಳೆದ ಮೇಲೆ ಮಂಜುಗಡ್ಡೆ ಕಾರ್ಖಾನೆಯ ಬೀದಿಯಲ್ಲಿ ಹೋಗುತ್ತಿದ್ದೆ. ಬೀದಿ ತಪ್ಪಿ ಬಂದೆನೇನೋ ಅನ್ನಿಸಿತು. ಕಾಂಪೌಂಡು ಇಟ್ಟಿಗೆಗೆಂಪು. ಕಾರ್ಖಾನೆ ಇಟ್ಟಿಗೆಗೆಂಪು. ಪಂಪಿನ ಮನೆ, ನೀರಿನ ತೊಟ್ಟಿ, ಕಾವಲುಗಾರನ ಗೂಡು, ನಾಯಿಯ ಗೂಡು, ಎಲ್ಲ ಇಟ್ಟಿಗೆಗೆಂಪು. ಮಂಜುಗಡ್ಡೆ ಮಾಡುವ ಜಾಗ ಕಮ್ಮಾರನ ಕುಲುಮೆಯ ಹಾಗೆ ಉರಿಯುತ್ತಿತ್ತು. ನಾನು ಒಳಗೆ ನುಗ್ಗಿದೆ.

“ನನ್ನ ಬಣ್ಣ ನೀವ್ಯಾಕೆ ತಗೊಂಡ್ರಿ?”

ಐಸಣ್ಣ ಎದ್ದು ನಿಂತು ಕುರ್ಚಿ ಕೊಟ್ಟರು. “ಚೆನ್ನಾಗಿದೆ ಅಂತ ತಗೊಂಡೆ.”

“ಚೆನ್ನಾಗಿದೆ ಅಂತ ಯಾರು ಹೇಳಿದ್ರು ನಿಮಗೆ?”

“ನೀವೇ ಬೋರ್ಡ್ ಮೇಲೆ ಬರ್ದಿದ್ರಲ್ಲ.”

ಇದಕ್ಕೆ ಏನು ಹೇಳುತ್ತೀರಿ? ಜಗಳ ಆಡೋಣವೆಂದರೆ ಎದುರಿಗೆ ಹಿಡಿಯಲು ಏನಾದರೂ ಸಿಗಬೇಕು. ಮಂಜುಗಡ್ಡೆಯ ಮನುಷ್ಯ, ಕೈಗೆ ಸಿಕ್ಕ ಹಾಗೆ ಸಿಕ್ಕಿ ಜಾರಿಬಿಟ್ಟರು. ಆ ಬಣ್ಣ ಇವತ್ತಿಗೂ ಒಂದು ಹಕ್ಕಳೆ ಎದ್ದಿಲ್ಲ. ಬಣ್ಣ ಗಟ್ಟಿ ಇತ್ತು ಸ್ವಾಮಿ, ಹೆಸರು ಮಾತ್ರ ಅಲ್ಲಾಡುತ್ತಿತ್ತು. ಆದರೆ ಬೀದಿಯ ಜನ ಅದನ್ನು ನೋಡಿ ಏನನ್ನುತ್ತಾರೆ? ಐಸಣ್ಣನ ಬಣ್ಣ ಎಷ್ಟು ಚೆನ್ನಾಗಿ ಬಾಳಿದೆ ನೋಡು ಅನ್ನುತ್ತಾರೆ.

ಇವತ್ತು ಈ ಸಭಾಂಗಣಕ್ಕೆ ಎಲ್ಲರಿಗಿಂತ ಮೊದಲು ಬಂದವನು ನಾನು. ಹುಡುಗಿಯ ಕುರ್ಚಿಯೂ ಐಸಣ್ಣನ ಕುರ್ಚಿಯೂ ಒಂದರ ಪಕ್ಕ ಒಂದಿದ್ದವು. ಅವೆರಡನ್ನೂ ಸರಿಸಿ ನಡುವೆ ನನ್ನ ಕುರ್ಚಿ ಇಟ್ಟುಕೊಂಡೆ. ಕಾರ್ಯದರ್ಶಿಗಳು ನೋಡಿದರು. ಐಸಣ್ಣ ಬಂದು ನೋಡಿ, ತಮ್ಮ ಕುರ್ಚಿಯನ್ನು ಇನ್ನೊಂದು ಗೇಣು ಆಚೆ ಎಳೆದು ನನಗೆ ಕಾಲು ಚಾಚಲು ಜಾಗ ಮಾಡಿಕೊಟ್ಟರು. ಹುಡುಗಿ ತನ್ನ ನೀರಿನ ಬಾಟಲಿ ನನ್ನ ಕಡೆ ಸರಿಸಿದಳು. ನಾನು ಮುಕ್ಕಾಲು ಗಂಟೆ ಕದಲದೆ ಕುಳಿತಿದ್ದೆ. ನನ್ನ ಹೆಂಡತಿ ಮೂರನೆಯ ಸಾಲಿನಿಂದ ಬೆರಳು ತೋರಿಸಿ ಪಕ್ಕದವರಿಗೆ ಏನೋ ಹೇಳಿದಳು. ಏನೆಂದು ನನಗೆ ಗೊತ್ತು.

ಇನ್ನು ಸ್ವಲ್ಪ ಹೊತ್ತಿಗೆ ಹುಡುಗಿ ಮಾತಾಡುತ್ತಾಳೆ. ಯಾರ ಯಾರ ಹೆಸರು ಹೇಳಿ ಕೃತಜ್ಞತೆ ಸಲ್ಲಿಸುತ್ತಾಳೋ ನನಗೆ ಗೊತ್ತಿಲ್ಲ. ಮಂಜುಗಡ್ಡೆ ಬರುತ್ತದೆ, ಅದು ಖಂಡಿತ. ಬಾಗಿಲ ಮೇಲಿನ ಅಕ್ಷರ ಬಂದರೆ ನಾನು ಬೇಡ ಅನ್ನುವುದಿಲ್ಲ, ಪುಟ್ಟಿ. ಮರೆತರೂ ನಾನು ನಾಳೆಯೇ ಬಂದು ಬಾಗಿಲ ಅಕ್ಷರಕ್ಕೆ ಹೊಸ ನೆರಳು ಹಾಕಿಕೊಡುತ್ತೇನೆ.

ಕೊನೆಯದಾಗಿ ಒಂದು ಮಾತು. ನಾನು ಹನ್ನೆರಡು ಲಕ್ಷ ಅಂದಾಗ ಐಸಣ್ಣ ಈಗಲೂ ಅಲ್ಲಿ ಕುಳಿತು ತಲೆಯಾಡಿಸಿದ್ದನ್ನು ನಾನು ನೋಡಿದೆ. ನನ್ನ ಸುಳ್ಳನ್ನು ಆರು ವರ್ಷ ಹೊತ್ತುಕೊಂಡು ತಿರುಗಿದ ದೊಡ್ಡತನ ಅವರದು. ಅದೂ ಅವರಿಗೇ ಯಾಕೆ ಸಲ್ಲಬೇಕು? ಇವತ್ತು ನಾನೇ ನಿಜ ಹೇಳಿ ಅದನ್ನಾದರೂ ಅವರ ಕೈಯಿಂದ ಕಿತ್ತುಕೊಂಡು ಹೋಗುತ್ತೇನೆ. ಮಾತಾಡಲು ಬಿಟ್ಟ ಅಧ್ಯಕ್ಷರಿಗೆ, ಬಾಗಿಲ ಹತ್ತಿರವಿದ್ದೂ ಎದ್ದು ಹೋಗದ ನಿಮಗೆ, ಇನ್ನೂರರಲ್ಲಿ ನೂರ ತೊಂಬತ್ತೊಂಬತ್ತು ಡಬ್ಬಿ ಕೊಂಡವರಿಗೆ ನನ್ನ ವಂದನೆಗಳು. ಉಳಿದ ಆ ಒಂದು ಡಬ್ಬಿ ನನ್ನ ಮಂಚದ ಕೆಳಗಿದೆ. ಕಾರ್ಬೀನ್ ಎಂಬ ಹೆಸರಿನಿಂದ ನಾನು ಕಳೆದುಕೊಂಡದ್ದು, ಸಭಿಕರೇ, ಅದರ ಬೆಲೆ ಅಷ್ಟೇ, ಆರುನೂರ ನಲವತ್ತು ರೂಪಾಯಿ. ನಮಸ್ಕಾರ.